ಕೈ ಎತ್ತುವವರೆಗೆ

ನಮ್ಮ ಮೇಲಿನ ಮಹಡಿಯ ಡಬ್ಬಿಂಗ್ ಅಕ್ಕ ಒಂದು ಕಾಲಕ್ಕೆ ಸಿನಿಮಾದ ನಾಯಕಿಯರಿಗೆಲ್ಲ ಕಂಠ ಕೊಟ್ಟವರು. ತರಕಾರಿಗೆ ಚೌಕಾಸಿ ಮಾಡಿದರೂ ಅಂಗಡಿಯವನ ಕಣ್ಣಲ್ಲಿ ನೀರು ಬರುತ್ತಿತ್ತು. ಈಗ ಆ ದನಿಯನ್ನು ಕಂಪ್ಯೂಟರ್ ಕಲಿತುಬಿಟ್ಟಿದೆ. ಅದು ತೆರೆಯ ಮೇಲೆ ಅಳುತ್ತದೆ, ನಗುತ್ತದೆ, ನಮ್ಮ ಲಿಫ್ಟಿನಲ್ಲಿ ಮಹಡಿಯ ಸಂಖ್ಯೆಯನ್ನೂ ಹೇಳುತ್ತದೆ. "ನನ್ ತಂಗಿ ಎಷ್ಟು ಚುರುಕು ನೋಡು!" ಎಂದು ಅಕ್ಕ ಲಿಫ್ಟಿನ ಗೋಡೆ ಸವರುತ್ತಾರೆ. ಆದರೆ ತಂಗಿಗೆ ಉಸಿರಾಡಲು ಮಾತ್ರ ಬರುವುದಿಲ್ಲವಂತೆ. ಅದಕ್ಕೇ ಸ್ಟುಡಿಯೋದವರು ಅಕ್ಕನನ್ನು ಇನ್ನೂ ಕರೆಸುತ್ತಾರೆ. ಮೈಕಿನ ಮುಂದೆ ನಿಂತು, ಗಾಜಿನಾಚೆ ಇಂಜಿನಿಯರ್ ಕೈ ಎತ್ತುವವರೆಗೆ ಉಸಿರು ಕಟ್ಟಿ ಕಾಯುವುದು, ಎತ್ತಿದೊಡನೆ ಬೆಚ್ಚಿದ ಉಸಿರೋ ಬಿಕ್ಕಿದ ಉಸಿರೋ ಕೊಡುವುದು, ಇಷ್ಟೇ ಕೆಲಸ. "ಮಾತೆಲ್ಲ ಅವಳ್ದು, ಉಸಿರು ಮಾತ್ರ ನಂದು," ಎಂದು ಸದ್ದಿಲ್ಲದೆ ನಗುತ್ತಾರೆ. ಅವರ ಮಗಳು ಬೀನ್ಸ್ ಹೆಚ್ಚುತ್ತಲೋ ಫೋನಿನಲ್ಲಿ ಹರಟುತ್ತಲೋ ಆಗಾಗ ಒಂದು ಕೈ ಎತ್ತಿ ಇಳಿಸುವುದನ್ನು ಕಂಡು, ಸೊಳ್ಳೆ ಓಡಿಸುತ್ತಾಳೆ ಎಂದುಕೊಂಡಿದ್ದೆ. ಇವತ್ತು ಬೆಳಗ್ಗೆ ಅವಳು ಬ್ಯಾಂಕಿಗೆ ಹೊರಟವಳು, "ಆಂಟಿ, ಅಮ್ಮನ ಹತ್ರ ಸ್ವಲ್ಪ ಕೂತಿರಿ. ಕೈ ಎತ್ತೋದು ಮಾತ್ರ ಮರೀಬೇಡಿ," ಎಂದಳು. ಎದುರಿನ ಕುರ್ಚಿಯಲ್ಲಿ ಅಕ್ಕ ನನ್ನನ್ನೇ ನೋಡುತ್ತ ಕೂತಿದ್ದರು. ಎದೆ ಅಲುಗುತ್ತಿರಲಿಲ್ಲ. ತಮಾಷೆ ಇರಬೇಕೆಂದು ನಾನೂ ಕಾದೆ. ತುಟಿ ನೀಲಿಗಟ್ಟಿತು. ಗಾಬರಿಯಲ್ಲಿ ಕೈ ಎತ್ತಿದೆ. ಅಕ್ಕ ಉಸಿರೆಳೆದುಕೊಂಡು, ಮತ್ತೆ ನನ್ನ ಕೈಯನ್ನೇ ನೋಡತೊಡಗಿದರು. ಮಗಳು ಇನ್ನೂ ಬಂದಿಲ್ಲ. ನನ್ನ ರಟ್ಟೆ ಬಿದ್ದುಹೋಗುತ್ತಿದೆ.