ಖಾನಾಪುರಕ್ಕೆ ಹೋದ ಹನ್ನೆರಡು ಕರಂಜಿ

ವಡಗಾವಿಯ ನಮ್ಮ ಗಲ್ಲಿಯಲ್ಲಿ ಕುಮುದಿನಿಯ ಮನೆಗೂ ನನ್ನ ಮನೆಗೂ ನಡುವೆ ಒಂದೇ ಗೋಡೆ. ಮೂವತ್ತೊಂದು ವರ್ಷ ಆಚೆ ಅವಳು, ಈಚೆ ನಾನು. ಅವಳು ಗುಂಜಿಯ ಮರಾಠರ ಮನೆಯವಳು. ಅಪ್ಪ ರೈಲ್ವೆಯಲ್ಲಿ ಹಳಿ ನೋಡುವ ಕೆಲಸದವನು. ಮನೆಯಲ್ಲಿ ಮರಾಠಿ, ಹೊರಗೆ ಕನ್ನಡ, ಸಿಟ್ಟು ಬಂದರೆ ಎರಡೂ. ಹತ್ತೊಂಬತ್ತಕ್ಕೆ ಅವಧೂತನನ್ನು ಮದುವೆಯಾಗಿ ಬೆಳಗಾವಿಗೆ ಬಂದಳು. ಅವನಿಗೆ ಫೌಂಡ್ರಿಯಲ್ಲಿ ಅಚ್ಚು ಹಾಕುವ ಕೆಲಸ. ನಲವತ್ತೇಳು ತುಂಬುವುದರೊಳಗೆ ದಮ್ಮು ಹತ್ತಿ ಹೋಗಿಬಿಟ್ಟ. ಆಗ ಮಗ ಅಭಿಜಿತನಿಗೆ ಹದಿನೈದು, ಮಗಳು ಸಾಯಲಿಗೆ ಹನ್ನೊಂದು. ನಾನು ಅದಕ್ಕೂ ಎಂಟು ವರ್ಷ ಮೊದಲೇ ಕುಂಕುಮ ಕಳೆದುಕೊಂಡವಳು. ಹಾಗಾಗಿ ಹೊಸ ವಿಧವೆ ಹೇಗೆ ದಿನ ದೂಡಬೇಕು ಎನ್ನುವುದನ್ನು ಅವಳು ನನ್ನಿಂದ ಕಲಿತಳು. ಖಿಮಾದ ಕರಂಜಿ ಮಾಡುವುದನ್ನು ನಾನು ಅವಳಿಂದ ಕಲಿತೆ.

ನಾವು ಕರಚಿಕಾಯಿ ಎನ್ನುವುದಕ್ಕೆ ಅವರು ಕರಂಜಿ ಎನ್ನುತ್ತಾರೆ. ಎಲ್ಲರೂ ಒಳಗೆ ಕೊಬ್ಬರಿ ಸಕ್ಕರೆ ತುಂಬಿದರೆ ಇವಳು ಕುರಿಯ ಖಿಮಾ ತುಂಬುತ್ತಿದ್ದಳು. ಅವಧೂತ ಹೋದ ಮೇಲೆ ಅದೇ ಅವಳ ಹೊಟ್ಟೆಪಾಡಾಯಿತು. ಭಾನುವಾರ ಬಂದರೆ ಮರಾಠರ ಮನೆಗಳಿಂದ ಹೇಳಿಕಳಿಸುತ್ತಿದ್ದರು.

ಬೆಳಿಗ್ಗೆ ಆರೂವರೆಗೆ ಅಂಗಡಿಯ ಮುಂದೆ ನಿಂತು ತೊಡೆಯ ಮಾಂಸವನ್ನೇ ಕೇಳಿ, ಮಿಷನ್ನಿಗೆ ಹಾಕಿಸದೆ ಕತ್ತಿಯಲ್ಲಿ ಕೊಚ್ಚಿಸಿ ತರುತ್ತಿದ್ದಳು. ಮಿಷನ್ನಿನ ಖಿಮಾ ನೀರು ಬಿಡುತ್ತದೆ. ಶುಂಠಿ, ಬೆಳ್ಳುಳ್ಳಿ, ಹಸಿಮೆಣಸಿನಕಾಯಿ ಅರೆದು ಹಾಕಿ, ಉಳ್ಳಾಗಡ್ಡಿ ಬಾಡಿಸಿ, ಸಣ್ಣ ಉರಿಯ ಮೇಲೆ ಮುಕ್ಕಾಲು ತಾಸು ಕೈಯಾಡಿಸುವಳು. ಸೌಟಿನಿಂದ ಬದಿಗೆ ಸರಿಸಿದಾಗ ಪಾತ್ರೆಯ ತಳದಲ್ಲಿ ಒಂದು ಹನಿ ನೀರು ಕಾಣಬಾರದು. ಕಂಡರೆ ಇನ್ನೂ ಆಗಿಲ್ಲ. ಕೊನೆಗೆ ಹುರಿದ ಕೊಬ್ಬರಿ, ಮಸಾಲೆ ಪುಡಿ, ಕೊತ್ತಂಬರಿ. ಪೂರ್ತಿ ತಣ್ಣಗಾಗುವವರೆಗೆ ಮುಟ್ಟಗೊಡುತ್ತಿರಲಿಲ್ಲ. ಬಿಸಿ ಹೂರಣ ತುಂಬಿದರೆ ಹಿಟ್ಟು ಬೆವರಿ ಎಣ್ಣೆಯಲ್ಲಿ ಬಾಯಿ ಬಿಡುತ್ತದೆ. ಮೈದಾಕ್ಕೆ ಅರ್ಧದಷ್ಟು ಸಣ್ಣ ರವೆ, ಕಾಯಿಸಿದ ತುಪ್ಪ, ಉಪ್ಪು, ಹಾಲು ಹಾಕಿ ಗಟ್ಟಿಯಾಗಿ ಕಲಸಿ, ಒದ್ದೆ ಬಟ್ಟೆ ಮುಚ್ಚಿ ಒಂದು ತಾಸು ಇಡುವುದು.

ಅವಳ ಅಡುಗೆಮನೆಯಲ್ಲಿ ಅಂಚಿನದೊಂದು ಕಟ್ಟಳೆ ಇತ್ತು. ಖಿಮಾ ತುಂಬಿದ್ದಕ್ಕೆ ಅಂಚನ್ನು ಬೆರಳಿನಿಂದ ಹೆಣೆದಂತೆ ಮಡಚಬೇಕು. ಸಿಹಿಯದಕ್ಕೆ ಸಣ್ಣ ಹಿತ್ತಾಳೆ ಗಾಲಿಯಿಂದ ಅಂಚು ಕತ್ತರಿಸಬೇಕು. ಮನೆಯಲ್ಲಿ ಗುರುವಾರ, ಸೋಮವಾರ ಮಾಂಸ ಬಿಟ್ಟು ವ್ರತ ಹಿಡಿಯುವವರು ಇರುತ್ತಾರೆ. ಕತ್ತಲಲ್ಲಿ ಕೈಯಾಡಿಸಿದರೂ ಯಾವುದು ಯಾವುದೆಂದು ತಿಳಿಯಬೇಕು. ಇದು ಅವಳ ಅತ್ತೆ ಹಾಕಿಕೊಟ್ಟ ಪದ್ಧತಿ. ಅಷ್ಟು ವರ್ಷಗಳಲ್ಲಿ ಒಮ್ಮೆಯೂ ತಪ್ಪಿರಲಿಲ್ಲ.

ಸಾಯಲಿ ಕಾಲೇಜಿನಲ್ಲಿ ಜೊತೆಗೆ ಓದಿದ ಓಂಕಾರನನ್ನು ಮದುವೆಯಾದಳು. ಖಾನಾಪುರದ ಜಂಗಮರ ಮನೆ. ಮಾವ ಚನ್ನಬಸಯ್ಯನವರು ಊರವರ ಮನೆಗಳಲ್ಲಿ ಪೂಜೆ ಮಾಡಿಸುವವರು, ಅತ್ತೆ ಗೌರವ್ವ. ಅವರು ಹೆಚ್ಚು ತಕರಾರು ಮಾಡಲಿಲ್ಲ. ಲಿಂಗದೀಕ್ಷೆ ಆಗಬೇಕು, ಆಮೇಲೆ ತವರಿಗೆ ಹೋದರೂ ಮಾಂಸ ಮುಟ್ಟಬಾರದು ಎಂದರು. ಸಾಯಲಿ ಒಪ್ಪಿ ಲಿಂಗ ಕಟ್ಟಿಸಿಕೊಂಡಳು. ಎರಡು ವರ್ಷ ಮಾತು ಉಳಿಸಿಕೊಂಡಳು.

ಏಳು ತಿಂಗಳ ಬಸುರಿಯಾದಾಗ ಫೋನು ಬಂತು. ನಾನು ಪಕ್ಕದಲ್ಲೇ ಕೂತು ಕೊತ್ತಂಬರಿ ಬಿಡಿಸುತ್ತಿದ್ದೆ. ಅವರು ಮಾತಾಡಿದ್ದು ಮರಾಠಿ, ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ಆಯಿ, ಅನ್ನ ಮುಂದ ಇಟ್ಟರ ನಿನ್ನ ಖಿಮಾದ ಕರಂಜೀನ ನೆನಪಾಕ್ಕೈತಿ. ಒಂದ ಒಂದು. ಯಾರಿಗೂ ಹೇಳಂಗಿಲ್ಲ."

ಫೋನು ಇಟ್ಟ ಮೇಲೆ ಕುಮುದಿನಿ ನನ್ನ ಮುಖ ನೋಡಿದಳು.

"ಹುಚ್ಚಿ," ಎಂದೆ. "ಅಯ್ಯಾರ ಮನಿ ಐತಿ ಅದು."

"ಬಯಕಿ ತೀರಸಲಿಲ್ಲಂದ್ರ ಕೂಸಿನ ಕಿವಿ ಸೋರತಾವ, ಭೀಮಕ್ಕ."

"ಕಿವಿ ಸೋರಿದ್ರ ಹತ್ತಿ ಇಡಬೌದು. ಮಗಳ ಸಂಸಾರ ಸೋರಿದ್ರ ಏನ ಇಡತಿ?"

ಅವಳು ನಕ್ಕಳು. ನಗಬಾರದಿತ್ತು, ನಾನೂ ನಕ್ಕೆ.

ಐದು ವರ್ಷದ ಹಿಂದಿನ ಮಾತು. ಸಂಕ್ರಮಣ ಕಳೆದು ಮೂರನೆಯ ವಾರ, ಸೋಮವಾರ ಸಾಯಲಿಯ ಕುಬಸ, ಅಂದರೆ ಸೀಮಂತ. ಭಾನುವಾರ ಅರ್ಧ ಕಿಲೋ ಖಿಮಾ ತಂದು ಹನ್ನೆರಡು ಕರಂಜಿ ಮಾಡಿದಳು. ಅದರ ಜೊತೆಗೇ ಕೊಬ್ಬರಿಯವು ಎಂಬತ್ತು. ಖಿಮಾದವನ್ನು ಮಡಚಲು ನಾನು ಕೈ ಹಾಕಿದಾಗ ತಡೆದಳು.

"ಇವಕ್ಕ ಗಾಲಿ ಹೊಡಿ. ಯಾರರ ಡಬ್ಬಿ ತೆರದ್ರ ಸಿಹೀವು ಅಂತ ತಿಳೀಬೇಕು."

ಹಿತ್ತಾಳೆ ಗಾಲಿ ನನ್ನ ಕೈಯಲ್ಲೇ ಇತ್ತು. ಹನ್ನೆರಡಕ್ಕೂ ಅಂಚು ಕತ್ತರಿಸಿದವಳು ನಾನು. ಬಾಯಿ ಬಿಡದಿರಲೆಂದು ಎರಡೆರಡು ಸಲ ಒತ್ತಿದೆ. ಒಂದೂ ಬಾಯಿ ಬಿಡಲಿಲ್ಲ. ಅಷ್ಟು ಚೆನ್ನಾಗಿ ಆಗಿದ್ದವು. ಅವನ್ನು ಸಣ್ಣ ಸ್ಟೀಲ್ ಡಬ್ಬಿಗೆ ತುಂಬಿ, ಮುಚ್ಚಳದ ಮೇಲೆ ಬಿಳಿ ಬಟ್ಟೆ ಕಟ್ಟಿದಳು. ಕಾರ್ಯ ಶುರುವಾಗುವ ಮೊದಲು ಒಳಗಿನ ಕೋಣೆಯಲ್ಲಿ ಸಾಯಲಿಯ ಕೈಗೇ ಕೊಡುವುದೆಂದು ಮಾತಾಡಿಕೊಂಡೆವು.

ಟೆಂಪೋ ದಾರಿಯಲ್ಲಿ ಪಂಕ್ಚರ್ ಆಗಿ ನಾವು ಮುಟ್ಟುವ ಹೊತ್ತಿಗೆ ಸಾಯಲಿ ಹಸಿರು ಸೀರೆಯುಟ್ಟು ಮಣೆಯ ಮೇಲೆ ಕೂತಾಗಿತ್ತು. ಮುತ್ತೈದೆಯರು ಸುತ್ತ ನೆರೆದಿದ್ದರು. ಕುಮುದಿನಿಯೂ ನಾನೂ ವಿಧವೆಯರು, ಮಣೆಯ ಹತ್ತಿರ ಹೋಗುವಂತಿರಲಿಲ್ಲ. ಗೋಡೆಗೆ ಒರಗಿ ಹಿಂದೆ ಕೂತೆವು. ಸಾಮಾನು ಒಳಗೆ ಹೊತ್ತವಳು ಅಭಿಜಿತನ ಹೆಂಡತಿ ವರದಾ. ಅವಳಿಗೆ ಏನೂ ಗೊತ್ತಿರಲಿಲ್ಲ. ಬುಟ್ಟಿ, ಡಬ್ಬಿ ಎಲ್ಲವನ್ನೂ ಒಯ್ದು ಗೌರವ್ವನ ಮುಂದಿಟ್ಟಳು.

ನಮ್ಮ ಕನ್ನಡದವರಲ್ಲಿ ಕುಬಸದ ಬುತ್ತಿ ಬಸುರಿಯೊಬ್ಬಳದಲ್ಲ. ತವರಿನಿಂದ ಬಂದದ್ದನ್ನು ಓಣಿಯ ಮನೆಮನೆಗೆ ಬೀರಬೇಕು, ಎಲ್ಲರೂ ಬಾಯಿಗೆ ಹಾಕಿಕೊಳ್ಳಬೇಕು. ಕುಮುದಿನಿಗೆ ಇದು ಗೊತ್ತಿರಲಿಲ್ಲ. ನನಗೆ ಗೊತ್ತಿತ್ತು. ಡಬ್ಬಿ ಕೈಗೇ ಕೊಡುತ್ತೇವಲ್ಲ ಎಂದು ನಾನು ಆ ಮಾತನ್ನೇ ಎತ್ತಿರಲಿಲ್ಲ.

ಗೌರವ್ವ ಬಿಳಿ ಬಟ್ಟೆಗೆ ಕೈ ಹಾಕಿದಾಗ ಕುಮುದಿನಿ ಹಿಂದಿನಿಂದಲೇ ಅಂದಳು: "ಬೀಗತೇರ, ಅದೊಂದು ಡಬ್ಬಿ ಇರಲ್ರಿ. ಸಾಯಲಿಗಂತ ತಂದೇನಿ."

ಗೌರವ್ವ ದೊಡ್ಡ ದನಿಯವರು. "ಕೇಳಿದ್ರೇನ್ರೇ? ಮಗಳೊಬ್ಬಾಕಿ ತಿನ್ನಬೇಕಂತ, ನಾವು ಬಾಯಿ ನೋಡಕೋತ ಕುಂಡರಬೇಕಂತ! ಬೀಗತೇರ, ಹಂಗ ಮುಚ್ಚಿಟ್ಟ ತಿಂದ್ರ ಮೊಮ್ಮಗ ಜಿಪುಣ ಹುಟ್ಟತಾನ ನೋಡ್ರಿ."

ಹೆಂಗಸರೆಲ್ಲ ನಕ್ಕರು. ಆಗ ಕುಮುದಿನಿ ಎದ್ದು ಹೋಗಿ ಡಬ್ಬಿ ಕಿತ್ತುಕೊಳ್ಳಬಹುದಿತ್ತು. ಕೇಳಿದರೆ ಏನು ಹೇಳುವುದು? ಮಣೆಯ ಮೇಲಿಂದ ಸಾಯಲಿ ತಾಯಿಯನ್ನು ನೋಡಿ ಕಣ್ಣಲ್ಲೇ ಏಳಬೇಡ ಎಂದಳು. ಕುಮುದಿನಿ ನನ್ನ ಮಣಿಕಟ್ಟು ಹಿಡಿದಳು. ನಾವಿಬ್ಬರೂ ಏಳಲಿಲ್ಲ.

ಹಿರಿಯರಿಗೆ ಮೊದಲು ಎಂದು ಗೌರವ್ವ ಅದರಲ್ಲೊಂದನ್ನು ತೆಗೆದು ಚಂದ್ರವ್ವನವರಿಗೆ ಕೊಟ್ಟರು. ಅವರು ಚನ್ನಬಸಯ್ಯನವರ ಅಕ್ಕ. ಎಂಬತ್ತೆರಡು ದಾಟಿದವರು, ಸೋಮವಾರ ಒಂದೇ ಹೊತ್ತು ಊಟ. ಬಾಯಲ್ಲಿ ಹಲ್ಲಿಲ್ಲ, ಮೂಗಿಗೆ ವಾಸನೆ ಹತ್ತುವುದೂ ನಿಂತಿತ್ತು. ಚೂರುಚೂರು ಮುರಿದು ಪೂರ್ತಿ ತಿಂದರು.

"ಗೌರಾ, ಇದು ಸಿಹಿ ಅಲ್ಲ, ಖಾರ ಐತಿ. ಸೋಯಾದ್ದೇನು? ಭಾಳ ಮಿದು ಐತಿ. ಇನ್ನೊಂದ ಕೊಡು."

ಗೌರವ್ವ ಇನ್ನೊಂದನ್ನು ಮುರಿದು ನೋಡಿದರು. ಮೂಗಿನ ಹತ್ತಿರ ಒಯ್ದರು. ನಗು ಅಲ್ಲಿಗೆ ನಿಂತಿತು.

ಕೂಗಾಟ ಆಗಲಿಲ್ಲ. ಅದೇ ಕಷ್ಟವಾಯಿತು. ಹೆಂಗಸರು ಒಬ್ಬೊಬ್ಬರೇ ಚಪ್ಪಲಿ ಮೆಟ್ಟಿ ಹೊರಟರು. ಚಂದ್ರವ್ವನವರು ಹಿತ್ತಲಿನಲ್ಲಿ ಬೆರಳು ಹಾಕಿ ವಾಂತಿ ಮಾಡಿಕೊಳ್ಳುವ ಸದ್ದು ಪಡಸಾಲೆಗೆ ಕೇಳುತ್ತಿತ್ತು. ಆಮೇಲೆ ತಣ್ಣೀರು ಸುರಿದುಕೊಳ್ಳುವ ಸದ್ದು. ಮೂರು ದಿನ ಅವರು ನೀರು ಬಿಟ್ಟು ಏನನ್ನೂ ಮುಟ್ಟಲಿಲ್ಲವಂತೆ. ಆರು ತಿಂಗಳಿಗೆ ತೀರಿಕೊಂಡರು. ವಯಸ್ಸಾಗಿತ್ತು ಎಂದು ಎಲ್ಲರೂ ಅಂದರು. ಕುಮುದಿನಿ ಮಾತ್ರ ಹಾಗೆ ಅನ್ನಲಿಲ್ಲ.

ಚನ್ನಬಸಯ್ಯನವರು ಹೊರಗಿನಿಂದ ಬಂದು ಎಲ್ಲ ಕೇಳಿಕೊಂಡು ಗೋಡೆಗೆ ಒರಗಿ ಕೂತರು. ಬಾಗಿಲಲ್ಲಿ ಓಣಿಯ ನಾಲ್ಕು ಜನ ಹಿರಿಯರು ನಿಂತಿದ್ದರು.

"ನಾ ಒಂದ ಕೇಳತೇನಿ, ಬೀಗತೇರ. ಇದನ್ನ ಸೊಸಿ ಬೇಡಿದ್ಲೋ, ನೀವಾಗಿ ತಂದ್ರೋ? ದೀಕ್ಷಾ ತಗೊಂಡಾಕಿ ಬೇಡಿದ್ದ ಖರೇ ಆದ್ರ, ಇವತ್ತ ನಿಮ್ಮ ಜೋಡಿ ಕರಕೊಂಡ ಹೋಗ್ರಿ."

"ನಾನ ತಂದೇನ್ರಿ," ಎಂದಳು ಕುಮುದಿನಿ. ತಡಮಾಡಲಿಲ್ಲ. "ಆಕಿಗೆ ಗೊತ್ತಿಲ್ಲ."

ಅವರು ಸೊಸೆಯ ಕಡೆ ತಿರುಗಿದರು. ಸಾಯಲಿಯ ಕೊರಳಲ್ಲಿ ಹೂವಿನ ಹಾರ ಹಾಗೇ ಇತ್ತು.

"ನಾ ಕೇಳಿಲ್ಲರಿ ಮಾವಾರ." ಅಷ್ಟಕ್ಕೇ ನಿಲ್ಲಿಸಿದ್ದರೆ ಸಾಕಿತ್ತು. ಉಸಿರು ತೆಗೆದುಕೊಂಡು ಮತ್ತೆ ಅಂದಳು: "ಆಯಿಗೆ ಮೊದಲಿಂದ ಈ ಮನಿ ಅಂದ್ರ ಆಗಂಗಿಲ್ಲರಿ. ನನ್ನ ಜಾತಿ ಕೆಡಿಸ್ಯಾರ ಅಂತಾಳ."

ಕುಮುದಿನಿ ಅಂಥ ಮಾತು ಒಂದು ದಿನವೂ ಆಡಿದವಳಲ್ಲ. ಇದನ್ನು ಬರೆಯುವ ಮೊದಲು ಸಾಯಲಿಯನ್ನು ಕೇಳಿದೆ. "ಬರೀರಿ ಮೌಶಿ, ನಾ ಅಂದ ಆ ಮಾತೂ ಬರೀರಿ" ಎಂದಳು.

"ಹಂಗಾರ ಇನ್ನ ಈ ಹೊಸ್ತಿಲಕ್ಕ ಬರಬ್ಯಾಡ್ರಿ," ಎಂದು ಚನ್ನಬಸಯ್ಯನವರು ಕೈ ಮುಗಿದರು. ಕೈ ಮುಗಿದೇ ಹೇಳಿದರು.

ವರದಾಳನ್ನು ಟೆಂಪೋದಲ್ಲಿ ಕಳಿಸಿ ನಾವಿಬ್ಬರೂ ಬಸ್ ಸ್ಟ್ಯಾಂಡಿಗೆ ನಡೆದೆವು. ಅಲ್ಲಿ ನಾನು ಸಾಯಲಿಗೆ ಬಾಯಿಗೆ ಬಂದಂತೆ ಬೈದೆ. ಕುಮುದಿನಿ ತಡೆದಳು.

"ಬೈಬ್ಯಾಡ ಭೀಮಕ್ಕ. ಚಲೋ ಹೇಳಿದ್ಲು. ಅಷ್ಟ ಹೇಳಿರಲಿಲ್ಲಂದ್ರ ಅವರು ನಂಬತಿದ್ದಿಲ್ಲ."

ಚೊಚ್ಚಲ ಬಾಣಂತನ ತವರಿನಲ್ಲಿ ಆಗಬೇಕು. ಸಾಯಲಿಯನ್ನು ಕಳಿಸಲಿಲ್ಲ. ಖಾನಾಪುರದಲ್ಲೇ ಹೆತ್ತಳು. ಹೆಣ್ಣು ಮಗು, ಸಮೃದ್ಧಿ ಎಂದು ಹೆಸರಿಟ್ಟರು. ಹೆಸರು ಕುಮುದಿನಿಗೆ ತಿಳಿದದ್ದು ವರದಾಳಿಂದ. ಬುಧವಾರ ಬುಧವಾರ ಸಾಯಲಿ ಮಾಳಿಗೆಗೆ ಹೋಗಿ ಫೋನು ಮಾಡುತ್ತಿದ್ದಳು. ಮೊದಮೊದಲು ಹತ್ತು ನಿಮಿಷ, ಆಮೇಲೆ ಐದು, ಆಮೇಲೆ ತಿಂಗಳಿಗೊಮ್ಮೆ. "ಮಗಳ ಮನಿ ತಾನ ಕೆಡಿಸಿಕೊಂಡ್ಳು" ಎಂದು ಅಭಿಜಿತ ನನ್ನ ಮುಂದೆಯೇ ಎರಡು ಸಲ ಅಂದ. ನಿಜ ಹೇಳಲು ನಾನು ಬಾಯಿ ತೆರೆದಾಗ ಕುಮುದಿನಿ ಆಚೆಯಿಂದ ಕೆಮ್ಮಿದಳು.

ಕರಂಜಿ ಮಾಡುವುದನ್ನು ಅವಳು ಬಿಡಲಿಲ್ಲ. ಬಿಟ್ಟರೆ ಹೊಟ್ಟೆಗೇನು? ಆದರೆ ಉಪ್ಪು ನೋಡಲು ನನ್ನನ್ನು ಕರೆಯುತ್ತಿದ್ದಳು. ತಾನು ಬಾಯಿಗೆ ಹಾಕುತ್ತಿರಲಿಲ್ಲ.

ಹೋದ ವರ್ಷ ಹೊಟ್ಟೆಯಲ್ಲಿ ಗಡ್ಡೆ ಎಂದರು. ಆಸ್ಪತ್ರೆಗೆ ಸಾಯಲಿ ಒಮ್ಮೆ ಬಂದಳು, ಓಂಕಾರನ ಜೊತೆ, ಅರ್ಧ ತಾಸು. ಮಗುವನ್ನು ತಂದಿರಲಿಲ್ಲ. ಫೋನಿನಲ್ಲಿ ಫೋಟೋ ತೋರಿಸಿದಳು. ಕುಮುದಿನಿ ಕನ್ನಡಕ ಕೇಳಿ ಹಾಕಿಕೊಂಡು ಒಂದೊಂದನ್ನೂ ಬಹಳ ಹೊತ್ತು ನೋಡಿದಳು. ಓಂಕಾರ ಔಷಧಿ ತರಲು ಕೆಳಗಿಳಿದಾಗ ಮಗಳಿಗೆ ಅಂದಳು: "ಹೇಳಬ್ಯಾಡ. ನಾ ಹೋದ ಮ್ಯಾಲೂ ಹೇಳಬ್ಯಾಡ." ಹದಿನೇಳು ದಿನಕ್ಕೆ ಹೋದಳು.

ಹದಿಮೂರನೆಯ ದಿನಕ್ಕೆ ಗೌರವ್ವ ಬಂದರು, ಸೊಸೆ ಮೊಮ್ಮಗಳ ಜೊತೆಗೆ. ಆ ಮನೆಯಲ್ಲಿ ಕೂಡಲು ಅವರಿಗೆ ಆಗಲಿಲ್ಲವೋ ಏನೋ, ನನ್ನಲ್ಲಿಗೆ ಬಂದು ಕೂತರು. ಮಗು ಅವರ ಸೆರಗು ಹಿಡಿದು ನಿಂತಿತ್ತು. ಚಹಾ ಕೊಟ್ಟೆ.

"ಭೀಮಕ್ಕಾರ, ಅದನ್ನ ಸಾಯಲೀನ ಬೇಡಿದ್ಲಲ್ಲ?"

ನಾನು ಎದ್ದು ಮಗುವಿಗೆ ಬಿಸ್ಕೀಟು ತಂದೆ.

"ನೀವು ಹೇಳಬ್ಯಾಡ್ರಿ. ನನಗ ಆವತ್ತ ಗೊತ್ತಾಗೇತಿ. ಎಲ್ಲಾರೂ ಚಂದ್ರವ್ವಕ್ಕಾರನ್ನ ನೋಡಾಕತ್ತಿದ್ರ ಈಕಿ ಡಬ್ಬಿ ನೋಡಾಕತ್ತಿದ್ಲು. ಬಸರಿದ್ದಾಗ ನಾನೂ ಅತ್ತಿ ಕಣ್ಣ ತಪ್ಪಿಸಿ ಒಲಿ ಬೂದಿ ತಿಂದಾಕಿ."

ಬಾಗಿಲಲ್ಲಿ ಸಾಯಲಿ ನಿಂತಿದ್ದಳು. ಬಸ್ಸಿಗೆ ಹೊತ್ತಾಯಿತೆಂದು ಕರೆಯಲು ಬಂದವಳು.

"ಮತ್ತ ಯಾಕ ಸುಮ್ಮನಿದ್ರಿ ಅತ್ತಿ?"

"ನಿಮ್ಮ ಮಾವಾರ ಮುಂದ ಹೇಳಿದ್ರ ನಿನ್ನ ತವರಿಗೆ ಕಳಸತಿದ್ರು. ಆಮ್ಯಾಲೆ ನನ್ನ ಮುಂದರ ನೀನ ಹೇಳತಿ ಅಂತ ಕುಂತೆ. ಹೇಳಿದ್ದರ, ಬೆಳಗಾವಿಗೆ ಸೀರಿ ತರಾಕ ಹೊಂಟೇನಿ ಅಂತ ಅವರಿಗೆ ಹೇಳಿ, ಕೂಸಿನ್ನ ಎತಕೊಂಡ ಬಂದು ನಿಮ್ಮವ್ವಗ ತೋರಿಸಿ ಒಯ್ಯತಿದ್ದೆ. ಬೀಗತಿನ್ನ ನಾನಾಗಿ ಕರಿಯಾಕ ನನಗೂ ಬಿಗುಮಾನ. ತಪ್ಪಾತು."

"ನೀವೂ ಹೊರಗ ಹಾಕತೀರಿ ಅನ್ಕೊಂಡಿದ್ದೆ."

"ಆರ ವರ್ಷ ನನ್ನ ಜೋಡಿ ಒಂದ ಒಲಿ ಮುಂದ ನಿಂತಿ. ಅಷ್ಟೂ ಗೊತ್ತಾಗಲಿಲ್ಲೇನು?"

ಸಾಯಲಿ ಅಳಲಿಲ್ಲ. ಬಾಗಿಲ ಚೌಕಟ್ಟು ಹಿಡಿದು ನಿಧಾನ ಕೆಳಗೆ ಕೂತಳು. ಮಗು ಹೋಗಿ ಅವಳ ಹೆಗಲ ಮೇಲೆ ಬಿದ್ದು "ಏಳವ್ವಾ, ಬಸ್ ಹೊಕ್ಕೈತಿ" ಎಂದು ಎಳೆಯತೊಡಗಿತು.

"ಹೋಗಲಿ ಬಿಡ," ಎಂದರು ಗೌರವ್ವ. "ಇನ್ನೊಂದ ಬರತೈತಿ."

ಅದು ನಿಜ. ಬೆಳಗಾವಿಯಿಂದ ಖಾನಾಪುರಕ್ಕೆ ಅರ್ಧ ತಾಸಿಗೊಂದು ಬಸ್ಸು ಇದೆ. ಆ ನಾಲ್ಕು ವರ್ಷವೂ ಇತ್ತು.