ಹೆಣ್ಣು ನೋಡಲು ಬಂದ ಹೀರೊ

ದೊಡ್ಡ ಹೀರೊಗಳ ಸಿನಿಮಾವನ್ನು ನಾನು ಮುಟ್ಟುವುದಿಲ್ಲ. ಮುಟ್ಟಿದರೆ ಅವರ ಅಭಿಮಾನಿಗಳು ನನ್ನ ಜನ್ಮ ಜಾಲಾಡುತ್ತಾರೆ. ಹೇಳುವವರು ಕೇಳುವವರು ಇಲ್ಲದೆ, ಬಂದ ವಾರವೇ ಥಿಯೇಟರಿನಿಂದ ಎತ್ತಂಗಡಿಯಾದ ಸಿನಿಮಾಗಳೇ ನನಗೆ ಬೇಕು. ಹಗಲು ಹಾಸನದ ಒಂದು ಶಾಲೆಯಲ್ಲಿ ಟೀಚರು. ಸಂಜೆ ನನ್ನ ಆನ್‌ಲೈನ್ ಚಾನೆಲ್ಲಿನಲ್ಲಿ, ಮುಖ ತೋರಿಸದೆ ಬರೀ ಧ್ವನಿಯಲ್ಲಿ, ಇಂಥ ಸಿನಿಮಾದವರ ಮಾನ ಹರಾಜು ಹಾಕುವುದು. ಚೆನ್ನಾಗಿಯೇ ಹಾಕುತ್ತೇನೆ.

ಜನ ಮುಗಿಬಿದ್ದು ನೋಡಿದ್ದು, ಹೊಳೆನರಸೀಪುರದ ಒಬ್ಬ ಅಪ್ಪ ಮಗನನ್ನೇ ಹೀರೊ ಮಾಡಿ ತೆಗೆದ ಸಿನಿಮಾದ ವಿಡಿಯೊ. ಆ ಹುಡುಗ ಹಾಡಿನುದ್ದಕ್ಕೂ ತನ್ನ ಕಾಲನ್ನೇ ನೋಡಿಕೊಂಡು ಕುಣಿದಿದ್ದ. ‘ಸಗಣಿ ತುಳಿದೇನೋ ಅಂತ ನೋಡ್ಕೊಂಡು ಕುಣಿಯೋ ಹೀರೊ’ ಎಂದಿದ್ದೆ. ಗೊರೂರು ಡ್ಯಾಮಿನ ಮುಂದೆ ನಿಂತು ಅತ್ತಾಗ, ‘ಡ್ಯಾಮಿನ ಗೇಟು ಅಷ್ಟೂ ತೆಗೆದ್ರೂ ಇವನ ಕಣ್ಣಲ್ಲಿ ಹನಿ ನೀರು ಬರಲ್ಲ’ ಎಂದಿದ್ದೆ. ನಮ್ಮ ಶಾಲೆಯ ಮಕ್ಕಳೂ ಅದನ್ನು ಹೇಳಿಕೊಂಡು ನಗುತ್ತಿದ್ದವು.

ಕಳೆದ ವರ್ಷ ಅರಕಲಗೂಡಿನ ಸೋದರಮಾವ ಒಂದು ಗಂಡು ತಂದರು. ಬೇಡ ಎನ್ನುವುದಕ್ಕೇ ಕೂತಿದ್ದ ನಾನು ಹೆಸರು, ಫೋಟೊ ಏನನ್ನೂ ಕೇಳಿರಲಿಲ್ಲ. ಉಪ್ಪಿಟ್ಟು ಕೇಸರಿಬಾತಿನ ತಟ್ಟೆ ಹಿಡಿದು ಬಂದರೆ ಅದೇ ಹೀರೊ ನಮ್ಮ ಸೋಫಾದ ಮೇಲೆ! ಮೀಸೆ ಬಿಟ್ಟಿದ್ದ, ಅಷ್ಟೆ. ನಗು ತಡೆಯಲು ನಾಲಿಗೆ ಕಚ್ಚಿಕೊಂಡೆ.

“ಒಂದ್ ದೇವರನಾಮ ಏಳವ್ವ, ಕೇಳಾನ,” ಎಂದರು ಅವನ ತಾಯಿ. ಹೆಣ್ಣು ನೋಡುವ ಮನೆಯಲ್ಲಿ ಅದೊಂದು ತಪ್ಪದು. ಎರಡು ಸಾಲು ಹಾಡುವಷ್ಟರಲ್ಲಿ ಹುಡುಗ ಚಮಚ ಕೆಳಗಿಟ್ಟ. ನನ್ನ ಧ್ವನಿ ಅವನಿಗೆ ಬಾಯಿಪಾಠವಾಗಿತ್ತೆಂದು ಕಾಣುತ್ತದೆ.

ಇಬ್ಬರೂ ಮಾತಾಡಿಕೊಳ್ಳಲಿ ಎಂದು ತಾರಸಿಗೆ ಕಳಿಸಿದರು.

“ನೀವೇ ಅಲ್ವಾ?” ಎಂದ.

“ಹೌದು,” ಎಂದೆ.

“ಯಾರ ಮನೆಗೋದ್ರೂ ಮೊದ್ಲು ನನ್ನ ಹೆಸರು ಮೊಬೈಲಲ್ಲಿ ಹುಡುಕ್ತಾರೆ. ನಿಮ್ಮ ವಿಡಿಯೊ ಬತ್ತದೆ. ಚನ್ನರಾಯಪಟ್ಟಣದಲ್ಲಿ ನಿಶ್ಚಯ ಆಗಿದ್ದೇ ಮುರಿದೋಯ್ತು. ನನ್ನ ಒಪ್ಪದೆ ಇದ್ರೂ ಸರಿ, ಅದನ್ನ ತೆಗೆದಾಕ್ಬುಡಿ. ನಮ್ಮವ್ವ ಅದನ್ನ ನೋಡ್ಬುಟ್ಟು ದಿನಾ ಅಳ್ತಾಳೆ.”

ನನಗೆ ಕನಿಕರ ಬರಲಿಲ್ಲ, ಸಿಟ್ಟು ಬಂತು. ಕುಣಿಯಲು ಬಾರದವನು ಅಪ್ಪನ ದುಡ್ಡಲ್ಲಿ ಕುಣಿದು, ಈಗ ನಮ್ಮ ತಾರಸಿಯ ಮೇಲೆ ನ್ಯಾಯ ಕೇಳುತ್ತಾನೆ!

“ಜನ ನಗ್ತಿದಾರೆ. ನಿಮ್ಮ ಸಿನಿಮಾ ಅಷ್ಟಾದ್ರೂ ಉಪಯೋಗಕ್ಕೆ ಬಂತಲ್ಲ. ತೆಗೆಯಲ್ಲ,” ಎಂದೆ.

ಅವನು ಜಗಳವಾಡಲಿಲ್ಲ. ಕೆಳಗೆ ಯಾರ ಮುಂದೆಯೂ ಬಾಯಿ ಬಿಡದೆ, ಕೈಮುಗಿದು ಹೋದ. ಸದ್ಯ ಬದುಕಿದೆ ಎಂದುಕೊಂಡೆ.

ಮಾರನೆಯ ದಿನ ಆ ವಿಡಿಯೊದ ಕೆಳಗೆ ಅವನ ಕಾಮೆಂಟು: ನನ್ನ ಪೂರ್ತಿ ಹೆಸರು, ಅಪ್ಪನ ಹೆಸರು, ಶಾಲೆ, ಬೀದಿ. ಕೊನೆಗೆ, ‘ಹುಡುಗಿ ಮದುವೆಗಿದ್ದಾಳೆ, ವಿಚಾರಿಸಿ.’ ಇಡೀ ಸಿನಿಮಾದಲ್ಲಿ ಅವನ ಬಾಯಿಂದ ಇಷ್ಟು ಚೆಂದದ ಮಾತು ಬಂದಿರಲಿಲ್ಲ. ನಾನು ಅಳಿಸುವಷ್ಟರಲ್ಲಿ ಊರೆಲ್ಲ ಹಂಚಿಕೊಂಡಾಗಿತ್ತು.

ಈಗ ನನ್ನ ಹೆಸರು ಹುಡುಕಿದರೂ ಮೊದಲು ಬರುವುದು ಅವನ ಕುಣಿತವೇ. ನೋಡಲು ಬರುತ್ತೇವೆಂದ ಗಂಡಿನ ಕಡೆಯವರು ಫೋನ್ ಎತ್ತುವುದಿಲ್ಲ. ಆ ವಿಡಿಯೊ ತೆಗೆದುಬಿಡೇ ಎಂದು ಅಮ್ಮ ದಿನಾ ಅಳುತ್ತಾಳೆ. ನೋಡಿದರೆ ನನಗೂ ಸಂಕಟವಾಗುತ್ತದೆ. ಆದರೆ ನಮ್ಮಮ್ಮನ ಅಳು ನಿಲ್ಲಿಸಬೇಕಾದರೆ ಅವನ ಅವ್ವನ ಅಳುವನ್ನೂ ನಿಲ್ಲಿಸಬೇಕು. ಅದು ನನ್ನಿಂದಾಗದು.