ಸೇತುವೆಯ ಎರಡನೇ ನಿಯಮ

ತೀರ್ಥಹಳ್ಳಿಯ ಕಾಲೇಜಿನಲ್ಲಿ ಕಂಪ್ಯೂಟರ್ ಪಾಠ ಹೇಳುವ ಸುಮನಾಗೆ ಒಂದು ಅಭ್ಯಾಸವಿತ್ತು. ಪ್ರೋಗ್ರಾಂ ಏನು ಮಾಡಬೇಕು, ಏನು ಮಾಡಬಾರದು ಎಂಬುದನ್ನು ಗಣಿತದಂಥ ಖಚಿತ ಭಾಷೆಯಲ್ಲಿ ಬರೆದು, ಅದು ಎಲ್ಲಾದರೂ ತಪ್ಪುತ್ತದೆಯೇ ಎಂದು ಕಂಪ್ಯೂಟರಿನಿಂದಲೇ ಹುಡುಕಿಸುತ್ತಿದ್ದಳು. ಜೊತೆಯ ಅಧ್ಯಾಪಕರಿಗೆ ಅದು ಪರೀಕ್ಷೆಗಷ್ಟೇ ಕಲಿಸುವ ವಿಷಯ.

ಊರಾಚೆಯ ಕಿರುಸೇತುವೆಯ ಮೇಲೆ ಒಂದು ಸಲಕ್ಕೆ ಒಂದೇ ಕಡೆಯ ವಾಹನ ಹೋಗಬಹುದು. ಅದಕ್ಕೆ ಸಿಗ್ನಲ್ ದೀಪ ತಯಾರಿಸುತ್ತಿದ್ದವನು ಅವಳ ಚಿಕ್ಕಪ್ಪನ ಮಗ ರಾಜೇಂದ್ರ. ದೀಪಗಳನ್ನು ಸೇತುವೆಯ ಎರಡೂ ತುದಿಗೆ ಅಳವಡಿಸುವ ಮೊದಲು ಸುಮನಾ ಅವನ ಪ್ರೋಗ್ರಾಮಿಗೆ ಒಂದು ನಿಯಮ ಬರೆದಳು: ಎರಡೂ ಕಡೆ ಒಟ್ಟಿಗೆ ಹಸಿರು ಬರಕೂಡದು. ಕಂಪ್ಯೂಟರ್ ಕೂಡಲೇ ತಪ್ಪು ಹಿಡಿಯಿತು. ಒಂದೇ ದಡದಲ್ಲಿ ಕರೆಂಟ್ ಹೋಗಿ ಬಂದರೆ, ಎದುರು ದಡದಲ್ಲಿ ಹಸಿರಿದ್ದರೂ ಈ ದಡದ ದೀಪ ಹಸಿರಿನಿಂದಲೇ ಶುರುವಾಗುತ್ತಿತ್ತು.

"ವಾರಗಟ್ಟಲೆ ಓಡಿಸಿ ನೋಡಿದ್ನಲ್ಲ ಅಕ್ಕಾ, ಒಂದ್ಸಲಾನೂ ಹಿಂಗಾಗ್ಲಿಲ್ಲ," ಎಂದು ರಾಜೇಂದ್ರ ಮುಖ ಸಣ್ಣದು ಮಾಡಿಕೊಂಡ.

ಅವನು ದೀಪ ಕೆಂಪಿನಿಂದ ಶುರುವಾಗುವಂತೆ ತಿದ್ದಿದ. ಈ ಬಾರಿ ಯಾವ ತಪ್ಪೂ ಸಿಗಲಿಲ್ಲ. ರಾಜೇಂದ್ರ ಹಿಗ್ಗಿದ. ಸುಮನಾ ಮಾತ್ರ ಪರದೆಯಿಂದ ಕಣ್ಣು ತೆಗೆಯಲಿಲ್ಲ.

"ಎರಡೂ ಕಡೆ ಯಾವಾಗ್ಲೂ ಕೆಂಪೇ ಇದ್ರೂ ನನ್ನ ನಿಯಮ ಸರಿ ಅನ್ನುತ್ತೆ ಕಣೋ. ಜನ ದಾಟೋದು ಹೆಂಗೆ? ಈ ಸಲ ತಪ್ಪು ನಂದೇ."

ಅವಳು ಎರಡನೇ ನಿಯಮ ಸೇರಿಸಿದಳು: ಕಾದವರಿಗೆ ಹಸಿರು ಸಿಕ್ಕೇ ಸಿಗಬೇಕು. ಅದನ್ನು ಹಾಕಿ ಮತ್ತೆ ಹುಡುಕಿಸಿದಾಗ, ಎರಡೂ ದೀಪಗಳು ಒಂದನ್ನೊಂದು ಕಾಯುತ್ತಾ ಕೆಂಪಾಗಿಯೇ ಉಳಿಯಬಹುದೆಂದು ಗೊತ್ತಾಯಿತು. ಇಬ್ಬರೂ ಕೂತು ಅದನ್ನೂ ಸರಿಪಡಿಸಿದರು.

ಈಗ ಆ ಸೇತುವೆಯಲ್ಲಿ ಬಸ್ಸು, ಜೀಪುಗಳು ಜಗಳವಿಲ್ಲದೆ ದಾಟುತ್ತವೆ. ರಾಜೇಂದ್ರನಿಗೆ ಹೊಸನಗರದಲ್ಲಿ ನೀರಿನ ಪಂಪು ನಡೆಸುವ ಪ್ರೋಗ್ರಾಂ ಬರೆಯುವ ಕೆಲಸ ಸಿಕ್ಕಿದೆ. ಕಳೆದ ಭಾನುವಾರ ಅವನು ಲ್ಯಾಪ್‌ಟಾಪ್ ಹಿಡಿದು ಬಂದ.

"ನಿಯಮ ಈ ಸಲ ನಾನೇ ಬರೀತೀನಿ ಅಕ್ಕಾ," ಎಂದ. "ತಪ್ಪಿದ್ರೆ ಹೇಳು."